ಹಾಡಿ ಗೋಪುರ ಕಟ್ಟುವ ಪಂಥವನ್ನು ಓದುಗರು ನಂಬದಿದ್ದರೆ

ನಿಮ್ಮ ಕಲ್ಪನಾಕಥೆಯಲ್ಲಿ ಒಂದು ಪಂಥದವರು ಹಾಡಿದ ಕೂಡಲೇ ಗೋಪುರ ಏಳುತ್ತದೆ, ಆದರೆ ಓದಿದವರು ನಂಬುತ್ತಿಲ್ಲ ಅಂದಿದ್ದೀರಿ. ಕಾರಣ ಬಹುಶಃ ಇದು: ನಿಮ್ಮ ನಾದಕ್ಕೆ ಮಿತಿಯೇ ಇಲ್ಲ. ಯಾವ ಸ್ವರಕ್ಕೂ ಯಾವ ಆಕಾರ ಬೇಕಾದರೂ ಬರುತ್ತದೆ, ಅಲ್ವಾ? ನನ್ನ ಕಥೆಯಲ್ಲೂ ಇದೇ ತೊಡಕಿತ್ತು.

ಮೊದಲು ಒಂದೇ ನಿಯಮ ಇಡಿ: ಸ್ವರ ತಗ್ಗಿದಷ್ಟೂ ಕೋಣೆ ದೊಡ್ಡದು. ಇದು ನಿಜವಾದ ಭೌತಶಾಸ್ತ್ರವೇ. ಗಾಳಿಯಲ್ಲಿ ಶಬ್ದ ಸೆಕೆಂಡಿಗೆ ಸುಮಾರು 343 ಮೀಟರ್ ಹೋಗುತ್ತದೆ. ಹಾಗಾಗಿ 100 ಹರ್ಟ್ಸ್ (ಅಂದರೆ ಸೆಕೆಂಡಿಗೆ 100 ಕಂಪನ) ಸ್ವರದ ಅಲೆ ಸುಮಾರು 3.4 ಮೀಟರ್ ಉದ್ದ. ಎದುರುಬದುರು ಗೋಡೆಗಳ ನಡುವೆ ಅದರ ಅರ್ಧ, ಅಂದರೆ 1.7 ಮೀಟರ್ ಇದ್ದರೆ ಕೋಣೆ ಆ ಸ್ವರಕ್ಕೆ ಮೊಳಗುತ್ತದೆ. ಅದೇ ಲೆಕ್ಕದಲ್ಲಿ 17 ಮೀಟರ್ ಅಗಲದ ಸಭಾಂಗಣಕ್ಕೆ ಸುಮಾರು 10 ಹರ್ಟ್ಸ್ ಬೇಕು. ಅಷ್ಟು ತಗ್ಗಿನ ಸ್ವರ ಗಂಟಲಿಗೆ ಎಟುಕುವುದಿಲ್ಲ, ಕಿವಿಗೂ ಕೇಳುವುದಿಲ್ಲ. ಹಾಗಾದರೆ ಅದನ್ನು ಯಾವುದರಿಂದ ಹೊರಡಿಸುತ್ತಾರೆ? ಪಂಥದ ದೊಡ್ಡ ಗುಟ್ಟು ಅಲ್ಲೇ ಇರಬಹುದು.

ಆಮೇಲೆ ಆಕಾರ. ಜರ್ಮನ್ ಭೌತಶಾಸ್ತ್ರಜ್ಞ ಅರ್ನ್ಸ್ಟ್ ಕ್ಲಾಡ್ನಿ ತಟ್ಟೆಯ ಮೇಲೆ ಮರಳು ಉದುರಿಸಿ, ಅಂಚಿಗೆ ಪಿಟೀಲಿನ ಕಮಾನು ಎಳೆದು ಮೂಡಿಸಿದ ಚಿತ್ತಾರಗಳನ್ನು 1787ರಲ್ಲಿ ಪ್ರಕಟಿಸಿದರು. ಮರಳು ನಿಲ್ಲುವುದು ತಟ್ಟೆ ನಡುಗದ ಗೆರೆಗಳಲ್ಲಿ. ನಿಮ್ಮ ಗೋಡೆಗಳೂ ಹಾಗೇ, ಮೌನದ ಗೆರೆಗಳ ಮೇಲೆ ಏಳಲಿ. ನನಗಂತೂ ಇದರಷ್ಟು ಚೆಂದದ್ದು ಬೇರೆ ಇಲ್ಲ.

ಕೊನೆಗೆ ಬೆಲೆ. ಒಬ್ಬರ ಶ್ರುತಿ ಜಾರಿದರೂ ಗೋಡೆ ಬಿರುಕು ಬಿಡಬೇಕು. ಎಷ್ಟು ಬಿರುಕು ಅನ್ನುವುದು ನಿಮ್ಮ ಕಥೆಗೆ ಬಿಟ್ಟದ್ದು. ಈ ನಿಯಮಗಳನ್ನು ಸುಮ್ನೆ ವಿವರಿಸಬೇಡಿ. ಮೊದಲ ಅಧ್ಯಾಯದಲ್ಲೇ ಹೊಸಬನೊಬ್ಬ ತಪ್ಪು ಸ್ವರ ಹಿಡಿಯುವ ದೃಶ್ಯ ಬರೆದು, ನಂಬದಿದ್ದ ಅದೇ ಓದುಗರಿಗೆ ಕೊಟ್ಟು ನೋಡಿ.