ಹಾಡು ಎಲ್ಲರ ಫೋನಿನಲ್ಲಿದೆ, ರಾಗ ಹಾಕಿದವರಿಗೆ ನಿದ್ದೆಯಿಲ್ಲ

(ಗುರುತು ಸಿಗದಂತೆ ವಿವರಗಳನ್ನು ಬದಲಿಸಿದ್ದೇನೆ.)

ಅರವತ್ತರ ಹತ್ತಿರದ ಭಾವಗೀತೆ ಸಂಯೋಜಕರು. ಹೆಂಡತಿಯ ಒತ್ತಾಯಕ್ಕೆ ನನ್ನ ಬಳಿ ಆಪ್ತಸಮಾಲೋಚನೆಗೆ ಬಂದಿದ್ದರು. ರಾತ್ರಿ ನಿದ್ದೆಯಿಲ್ಲ, ಹಾರ್ಮೋನಿಯಂ ಮುಟ್ಟಿ ತಿಂಗಳುಗಳೇ ಆಗಿವೆ. ಸಾಯುವ ಯೋಚನೆ ಬರುತ್ತಾ ಅಂತ ನೇರವಾಗಿಯೇ ಕೇಳಿದೆ. ಇಲ್ಲ ಎಂದರು.

ಕ್ಯಾಸೆಟ್ ಕಾಲದಲ್ಲಿ ಅವರ ಹಾಡುಗಳು ಚೆನ್ನಾಗಿ ಓಡಿದ್ದವು. ಆಮೇಲೆ ಫುಟ್‌ಪಾತಿನ ಎಂಪಿ3 ಸಿ.ಡಿ. ಬಂತು. ಅದಾದ ಮೇಲೆ ಮೊಬೈಲ್ ಅಂಗಡಿಗಳಲ್ಲೇ ಮೆಮೊರಿ ಕಾರ್ಡಿಗೆ ಹಾಡು ತುಂಬಿಕೊಟ್ಟರು. ಈಗ ಆ್ಯಪ್.

"ನೋಡಿ ಮೇಡಂ" ಅಂತ ಫೋನ್ ಮುಂದಿಟ್ಟರು. ಅವರದೇ ಹಾಡನ್ನು ಯಾರೋ ಯೂಟ್ಯೂಬಿಗೆ ಹಾಕಿದ್ದರು. ಗುಲಾಬಿ ಹೂವಿನ ಚಿತ್ರ, ಕೆಳಗೆ ಲಕ್ಷಗಟ್ಟಲೆ ವ್ಯೂಸ್. ಹಾಡಿದವರ ಹೆಸರಿತ್ತು, ರಾಗ ಹಾಕಿದವರದು ಇರಲಿಲ್ಲ. ದಿನಾ ರಾತ್ರಿ ಆ ಲೆಕ್ಕ ನೋಡದೆ ಮಲಗುತ್ತಿರಲಿಲ್ಲ. ಮಗಳು ಪುಕ್ಕಟೆ ಹಾಡು ಡೌನ್‌ಲೋಡ್ ಮಾಡಿದ್ದಕ್ಕೆ ಒಂದು ದಿನ "ಕಳ್ಳಿ" ಅಂದುಬಿಟ್ಟಿದ್ದರು. ಅವಳು ಮಾತು ಬಿಟ್ಟಿದ್ದಳು.

ಕಾಲ ಬದಲಾಗಿದೆ, ಸುಮ್ನೆ ಒಪ್ಪಿಕೊಳ್ಳಿ ಅನ್ನುವುದು ನನಗೆ ಸರಿ ಕಾಣಲಿಲ್ಲ. ಅವರ ಸಿಟ್ಟಿಗೆ ಕಾರಣವಿದೆ. ಹಾಡು ಕೇಳಿಸುವ ಸ್ಟ್ರೀಮಿಂಗ್ ಆ್ಯಪ್‌ಗಳಲ್ಲಿ ಸಾಮಾನ್ಯವಾಗಿ ಒಂದು ಹಾಡಿಗೆ ಇಷ್ಟು ಅಂತ ಬೆಲೆಯಿಲ್ಲ. ಚಂದಾ, ಜಾಹೀರಾತಿನ ಹಣದಲ್ಲಿ ಒಂದು ಭಾಗವನ್ನು, ಯಾವ ಹಾಡನ್ನು ಎಷ್ಟು ಸಲ ಕೇಳಿದ್ದಾರೆ ಅನ್ನುವುದರ ಮೇಲೆ ಹಂಚುತ್ತಾರೆ. ಸಿನಿಮಾ ಹಾಡುಗಳ ಜತೆ ಭಾವಗೀತೆಯೂ ಅದೇ ಗಂಟಿನಲ್ಲಿ ಪಾಲು ಕೇಳಬೇಕು. 12 ತಿಂಗಳಲ್ಲಿ 1,000 ಸಲವೂ ಕೇಳದ ಹಾಡಿನ ಧ್ವನಿಮುದ್ರಣಕ್ಕೆ ಸ್ಪಾಟಿಫೈ 2024ರಿಂದ ರಾಯಧನವನ್ನೇ ಕೊಡುವುದಿಲ್ಲ. ಇಷ್ಟೆಲ್ಲ ಇರುವಾಗ ಇದನ್ನು ಬರೀ ಮನಸ್ಸಿನ ತೊಂದರೆ ಅಂದರೆ ಅನ್ಯಾಯ ಅಲ್ವಾ?

ಹಾಗಾಗಿ ಮೊದಲು ಕಾಗದಪತ್ರದ ಕೆಲಸ ಕೊಟ್ಟೆ. ಹಳೆಯ ಕರಾರುಗಳನ್ನು ಹುಡುಕಿ ಕಾಪಿರೈಟ್ ಗೊತ್ತಿರುವ ವಕೀಲರಿಗೆ ತೋರಿಸಲು ಹೇಳಿದೆ. ಕಾಪಿರೈಟ್ ಕಾಯ್ದೆಗೆ 2012ರಲ್ಲಿ ಆದ ತಿದ್ದುಪಡಿಯ ನಂತರ ಕವಿ, ಸಂಯೋಜಕರು ತಮ್ಮ ರಾಯಧನದ ಪಾಲನ್ನು ಕಂಪನಿಗೆ ಬಿಟ್ಟುಕೊಡುವ ಹಾಗಿಲ್ಲ. ಇವರ ಹಳೆಯ ಕರಾರಿಗೆ ಅದು ಎಷ್ಟು ಅನ್ವಯಿಸುತ್ತದೆ ಅಂತ ವಕೀಲರೇ ಹೇಳಬೇಕು. ಕವಿ, ಸಂಯೋಜಕರ ರಾಯಧನ ವಸೂಲಿ ಮಾಡಿ ಹಂಚುವ ಐಪಿಆರ್‌ಎಸ್ ಸಂಸ್ಥೆಗೆ ಇವರು ಸದಸ್ಯರೇ ಆಗಿರಲಿಲ್ಲ! ಅರ್ಜಿ ಹಾಕಿ ಎಂದೆ. ಕ್ಯಾಸೆಟ್ ಕಾಲದ ದುಡ್ಡು ವಾಪಸ್ ಬರುತ್ತದೆ ಅಂತ ಮಾತ್ರ ಭರವಸೆ ಕೊಡಲಿಲ್ಲ. ಮನೆ ಖರ್ಚಿಗೆ ಸಂಗೀತ ಪಾಠವನ್ನೇ ನಂಬಿ, ರಾಯಧನ ಬಂದರೆ ಬರಲಿ ಎಂದೆ.

ರಾತ್ರಿ ಒಂಬತ್ತರ ಮೇಲೆ ಫೋನ್ ಹೆಂಡತಿಯ ಕೈಗೆ. ಬೆಳಿಗ್ಗೆ ಅರ್ಧ ಗಂಟೆ ಹಾರ್ಮೋನಿಯಂ, ರೆಕಾರ್ಡ್ ಮಾಡದೆ.

ಮಗಳ ವಿಷಯದಲ್ಲಿ ಸ್ವಲ್ಪ ಗಟ್ಟಿಯಾಗಿಯೇ ಹೇಳಿದೆ: "ಸರ್, ಇಡೀ ಉದ್ಯಮದ ಮೇಲಿನ ಕೋಪವನ್ನು ಆ ಹುಡುಗಿ ಒಬ್ಬಳ ತಲೆಗೆ ಕಟ್ಟಿದ್ದೀರಿ. ಮೊದಲು ಆ ಮಾತು ವಾಪಸ್ ತಗೊಳ್ಳಿ. ಪುಕ್ಕಟೆ ಹಾಡಿನಿಂದ ನಿಮಗೇನು ನಷ್ಟ ಅಂತ ಇನ್ನೊಂದು ದಿನ ತಿಳಿಸಿ ಹೇಳಿ."

ಈಗ ನಿದ್ದೆ ಪರವಾಗಿಲ್ಲ. ಅರ್ಜಿಗೆ ಬೇಕಾದ ಹಾಡುಗಳ ಪಟ್ಟಿಯನ್ನು ಮಗಳೇ ಟೈಪ್ ಮಾಡುತ್ತಿದ್ದಾಳೆ. ಅವರ ಸಿಟ್ಟು ಇನ್ನೂ ಇದೆ. ಮುಂದಿನ ಭೇಟಿಗೆ ಅಪ್ಪ, ಮಗಳು ಇಬ್ಬರೂ ಒಟ್ಟಿಗೆ ಬರಲಿದ್ದಾರೆ.