ಹೇಳಿ ಹೊರಡಿ

ಪ್ರಶ್ನೆ: ಕಾಸರಗೋಡಿನ ಬದಿಯಡ್ಕದ ಸಮೀಪ ನಮ್ಮ ಮನೆ. ವಯಸ್ಸು 39, ಮದುವೆಯಾಗಿಲ್ಲ. ಬ್ಯಾಂಕಿನ ಕೆಲಸ ಬಿಟ್ಟಿದ್ದೇನೆ. ರೈಲು, ಸಂತೆ, ಹೊಳೆಬದಿ ಎಂದು ಒಬ್ಬನೇ ಅಲೆಯುತ್ತೇನೆ, ಸುಮ್ಮನೆ ನೋಡುತ್ತೇನೆ. ಅಮ್ಮ ಅಳುತ್ತಾರೆ, ತಮ್ಮ ಮಾತು ಬಿಟ್ಟಿದ್ದಾನೆ. ಹೆಣ್ಣು ನೋಡಲು ಒತ್ತಾಯ ಬೇರೆ. ಯಾರಿಗೂ ಹೇಳದೆ ಹೊರಟುಬಿಡಲೇ?

ಉತ್ತರ: ಮೊಗ್ರಾಲ್ ಹೊಳೆಯಲ್ಲಿ ಮರುವಾಯಿ (ಚಿಪ್ಪುಮೀನು) ಹೆಕ್ಕುವ ಹೆಂಗಸರ ಬಗ್ಗೆ ನಿಮ್ಮ ಪತ್ರದಲ್ಲಿ ನೀವು ಬರೆದ ಸಾಲುಗಳನ್ನು ಮತ್ತೆ ಮತ್ತೆ ಓದಿದೆ. ನೀರು ಇಳಿದ ಹೊತ್ತಿನಲ್ಲಿ ಅವರು ಮೊದಲು ಕಾಲ್ಬೆರಳಿನಿಂದ ಕೆಸರು ತಡವಿ, ಗಟ್ಟಿ ತಾಗಿದ ಮೇಲಷ್ಟೇ ಬಾಗುತ್ತಾರೆ ಎಂದಿದ್ದೀರಿ. ಇಷ್ಟನ್ನು ಕಂಡವರನ್ನು ಸೋಮಾರಿ ಎನ್ನಲು ನಾನು ಒಪ್ಪುವುದಿಲ್ಲ.

ನಮ್ಮ ಸೀಮೆಗೆ ಇದು ಹೊಸತೂ ಅಲ್ಲ. 1884ರಲ್ಲಿ ಕಾಞಂಗಾಡಿನ ಹೊಸದುರ್ಗದಲ್ಲಿ ಹುಟ್ಟಿದ ವಿಠಲ ರಾವ್ 1922ರ ಡಿಸೆಂಬರಿನಲ್ಲಿ ಮಂಗಳೂರಿನ ಮನೆ ಬಿಟ್ಟು ದೇಶ ಸುತ್ತಿದರು. ಸ್ವಾಮಿ ರಾಮದಾಸರಾಗಿ 1931ರಲ್ಲಿ ಕಾಞಂಗಾಡಿನಲ್ಲಿ ಆನಂದಾಶ್ರಮ ಕಟ್ಟಿದರು. ಹೊರಡುವಾಗ ಹೆಂಡತಿಗೊಂದು ಪತ್ರ ಬರೆದಿಟ್ಟಿದ್ದರು. ಆ ಪತ್ರ ಓದಿದ ಮೇಲೆ ಆ ಹೆಂಡತಿ, ಮಗಳು ಹೇಗೆ ದಿನ ದೂಡಿದರು ಎಂಬುದನ್ನು ಕಥೆ ಹೇಳುವವರು ಬೇಗ ದಾಟಿಬಿಡುತ್ತಾರೆ. ನನಗೆ ಅಲ್ಲೇ ನಿಲ್ಲಬೇಕು ಅನಿಸುತ್ತದೆ. ನೀವು ಹೇಳದೆ ಹೋದರೆ ನಿಮ್ಮ ಅಮ್ಮ ನಿಮ್ಮ ಫೋಟೊ ಹಿಡಿದುಕೊಂಡು ಪೊಲೀಸ್ ಠಾಣೆಯ ಮೆಟ್ಟಿಲು ಹತ್ತಬೇಕು. ದಯವಿಟ್ಟು ಅದನ್ನು ಮಾಡಬೇಡಿ. ಎಲ್ಲಿಗೆ, ಎಷ್ಟು ದಿನಕ್ಕೆ ಎಂದು ಹೇಳಿ ಹೊರಡಿ, ದಿನಕ್ಕೊಂದು ಫೋನ್ ಮಾಡಿ.

ತಮ್ಮನ ಸಿಟ್ಟು ನಿಮ್ಮ ಅಲೆದಾಟದ ಮೇಲಲ್ಲ ಎಂದು ನನ್ನ ಊಹೆ. ಮನೆಯ ಅಡಿಕೆ ತೋಟವೆಲ್ಲ ಅವನೊಬ್ಬನ ತಲೆಗೆ ಬಿದ್ದಿದೆ. ಮಳೆ ಹಿಡಿಯುವ ಮೊದಲು ಅಡಿಕೆಗೆ ಕೊಳೆರೋಗ ತಡೆಯುವ ಮದ್ದು ಬಿಡುವಾಗ, ಒಂದೂವರೆ ತಿಂಗಳ ನಂತರ ಎರಡನೇ ಸಲ ಬಿಡುವಾಗ, ಮತ್ತೆ ಕೊಯ್ಲಿಗೆ ಮನೆಯಲ್ಲಿರಿ. ಉಳಿದ ದಿನಗಳನ್ನು ಅವನಿಂದ ಕೇಳಿ ಪಡೆಯಿರಿ. ಉಳಿತಾಯದ ಹಣ ಎಷ್ಟು ಕಾಲ ಬರುತ್ತದೆ ಎಂಬ ಲೆಕ್ಕವನ್ನೂ ಅವನ ಮುಂದಿಡಿ.

ಒಂದು ವಿಷಯ ಮಾತ್ರ ನಿಮ್ಮನ್ನೇ ಕೇಳಿಕೊಳ್ಳಬೇಕು. ನೋಡುವುದರಲ್ಲಿ ಈಗಲೂ ಸುಖವಿದೆಯೇ? ನಿದ್ದೆ, ಊಟ ಕೆಟ್ಟು, ಹೊಳೆಯೂ ಬೇಡವೆನಿಸಿ ಎರಡು ವಾರ ಕಳೆದರೆ ಅದನ್ನು ವೈರಾಗ್ಯವೆಂದು ತಿಳಿಯಬೇಡಿ, ಖಿನ್ನತೆ ಇರಬಹುದು. ವೈದ್ಯರನ್ನು ಕಾಣಿ. ಸರಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ ಸಂಖ್ಯೆ 14416ಕ್ಕೆ ಹಗಲು ರಾತ್ರಿ ಉಚಿತವಾಗಿ ಕರೆ ಮಾಡಬಹುದು, ಕನ್ನಡದಲ್ಲೇ ಮಾತನಾಡಬಹುದು.

ಇನ್ನು ಹೆಣ್ಣು ನೋಡುವ ವಿಚಾರ. ಮನಸ್ಸಿಲ್ಲದಿದ್ದರೆ ಈ ವಾರವೇ ಅಮ್ಮನಿಗೆ ಬಾಯಿಬಿಟ್ಟು ಹೇಳಿ. ಆ ಹುಡುಗಿಯ ಮನೆಯಲ್ಲೂ ಜಾತಕ ಕೊಟ್ಟು ಕಾಯುತ್ತಿರುತ್ತಾರೆ.