ಜನಗಣತಿಯಲ್ಲಿ ಮಾತೃಭಾಷೆ ಯಾವುದು ಅಂತ ಬರೆಸಬೇಕು?

ಅಮ್ಮನದು ತುಳು, ಅಪ್ಪನದು ಮರಾಠಿ, ಹೊರಗೆಲ್ಲ ಕನ್ನಡ, ಏನು ಬರೆಸಲಿ ಎಂದು ಕೇಳಿದ್ದೀರಿ. 2011ರ ಜನಗಣತಿಯ ಸೂಚನೆಯಂತೆ, ಬಾಲ್ಯದಲ್ಲಿ ತಾಯಿ ನಿಮ್ಮೊಡನೆ ಆಡಿದ ಭಾಷೆಯೇ ಮಾತೃಭಾಷೆ. ಅಮ್ಮ ನಿಮ್ಮೊಡನೆ ತುಳುವಿನಲ್ಲೇ ಮಾತಾಡಿದ್ದರೆ ತುಳು ಅಂತಲೇ ಹೇಳಿ. ನಿಮ್ಮ ಶೈಶವದಲ್ಲೇ ತಾಯಿ ತೀರಿಕೊಂಡಿದ್ದರೆ, ಬಾಲ್ಯದಲ್ಲಿ ಮನೆಯಲ್ಲಿ ಹೆಚ್ಚಾಗಿ ಆಡುತ್ತಿದ್ದ ಭಾಷೆ. ಜಾತಿ, ಧರ್ಮ, ರಾಜ್ಯಕ್ಕೂ ಇದಕ್ಕೂ ಸಂಬಂಧವಿಲ್ಲ.

ಕನ್ನಡ, ಮರಾಠಿ ಬಿಟ್ಟುಹೋಗುವುದಿಲ್ಲ: ಬಲ್ಲ ಇತರ ಭಾಷೆಗಳೆಂದು ಇನ್ನೆರಡನ್ನು, ಹೆಚ್ಚು ಚೆನ್ನಾಗಿ ಬರುವುದನ್ನು ಮೊದಲು ಹಾಕಿ, ಬರೆಸಬಹುದು. ಓದಲು ಬರೆಯಲು ಬರಬೇಕೆಂದೇನಿಲ್ಲ.

ತಪ್ಪಾಗಬಹುದಾದದ್ದು ಇಲ್ಲಿ: ಗಣತಿದಾರರು ಊರು ನೋಡಿ ತಾವೇ ಊಹಿಸಿ ಬರೆದುಬಿಡಬಹುದು. ಭಾಷೆಯ ಹೆಸರನ್ನು ಸ್ಪಷ್ಟವಾಗಿ ಹೇಳಿ, ಬರೆದದ್ದನ್ನು ಓದಿಸಿ ಕೇಳಿ. 10,000ಕ್ಕಿಂತ ಕಡಿಮೆ ಜನರ ಮಾತೃಭಾಷೆಗೆ ಪ್ರಕಟಿತ ಪಟ್ಟಿಯಲ್ಲಿ ಪ್ರತ್ಯೇಕ ಸಾಲೇ ಇರುವುದಿಲ್ಲ, ‘ಇತರೆ’ಯೊಳಗೆ ಸೇರಿಹೋಗುತ್ತದೆ. ಸಣ್ಣ ಭಾಷೆಯವರಿಗಂತೂ ಒಂದೊಂದು ಹೆಸರೂ ಮುಖ್ಯ.